ಯಥಾಸ್ಥಿತಿಯ ಗೋಡೆಗೆ ಒಂದು ಮೊಳೆ

ಚಾಮರಾಜಪೇಟೆಯ ಮುದ್ರಣಾಲಯವೊಂದರಲ್ಲಿ ಮೂವತ್ತೊಂದು ವರ್ಷ ಕರಡು ತಿದ್ದಿದ ನಂಜಪ್ಪನವರಿಗೆ ಅಚ್ಚಾದ ಮಾತೆಂದರೆ ಭಯಭಕ್ತಿ. ನಿವೃತ್ತರಾದ ಮೇಲೂ ಅಂಗಿ ಜೇಬಿನಲ್ಲಿ ಕೆಂಪು ಪೆನ್ಸಿಲ್ ಇರುತ್ತಿತ್ತು. ಮದುವೆಯ ಕರೆಯೋಲೆ ಬಂದರೂ ಮೊದಲು ತಪ್ಪು ಗುರುತಿಸಿ, ಆಮೇಲೆ ಮುಹೂರ್ತ ನೋಡುತ್ತಿದ್ದರು.

ಆರು ವರ್ಷದ ಹಿಂದೆ, ಶೇಷಾದ್ರಿಪುರದಲ್ಲಿದ್ದ ತಂಗಿ ಸರ್ವಮಂಗಳಾ ಅಪ್ಪನ ಮನೆಯಲ್ಲಿ ಪಾಲು ಕೇಳಿ ದಾವೆ ಹೂಡಿದಳು. ಅಣ್ಣ ಮನೆಯನ್ನು ಬಿಲ್ಡರಿಗೆ ಕೊಟ್ಟುಬಿಡುತ್ತಾನೆಂದು ಯಾರೋ ಅವಳ ಕಿವಿ ಊದಿದ್ದರು. ಮುಂದಿನ ಆದೇಶದವರೆಗೆ ಎರಡೂ ಕಡೆಯವರು ಮನೆಯನ್ನು ಯಥಾಸ್ಥಿತಿಯಲ್ಲಿ ಇರಿಸಬೇಕು, ಯಾವುದೇ ಬದಲಾವಣೆ ಮಾಡತಕ್ಕದ್ದಲ್ಲ ಎಂದು ನ್ಯಾಯಾಲಯ ಮಧ್ಯಂತರ ಆದೇಶ ಕೊಟ್ಟಿತು. ನಂಜಪ್ಪ ಆದೇಶವನ್ನು ಎರಡು ಸಲ ಓದಿ, ‘ಯಾವುದೇ’ ಎಂಬುದರ ಕೆಳಗೆ ಗೆರೆ ಎಳೆದರು.

ಆದೇಶ ಕೈಗೆ ಬಂದ ಮೇಲೆ ತಂಗಿಯ ವಕೀಲರಿಗೆ ಅವಸರ ಉಳಿಯಲಿಲ್ಲ. ಅಣ್ಣನ ವಕೀಲರು ಅದನ್ನು ತೆರವು ಮಾಡಿಸಲು ಅರ್ಜಿ ಹಾಕಿದರು. ಅದಕ್ಕೆ ತಕರಾರು, ತಕರಾರಿಗೆ ವಾಯಿದೆ, ಮತ್ತೆ ವಾಯಿದೆ. ಪಾಲಿನ ಪ್ರಶ್ನೆಗೆ ಒಬ್ಬ ಸಾಕ್ಷಿಯೂ ಕಟಕಟೆ ಹತ್ತಲಿಲ್ಲ.

ಮನೆ ಮಾತ್ರ ಆದೇಶ ಓದಿರಲಿಲ್ಲ. ಕಿಟಕಿಯ ಗಾಜು ಒಡೆಯಿತು. ನಂಜಪ್ಪ ರಟ್ಟು ಇಟ್ಟರು. ಬಚ್ಚಲಿನ ತೊಲೆಗೆ ಗೆದ್ದಲು ಹಿಡಿಯಿತು. ಬಿದಿರಿನ ಗಳ ಆನಿಸಿದರು. ಎರಡನೆಯ ವರ್ಷ ಅವ್ವ ಶಿವೈಕ್ಯಳಾದಳು. ಸರ್ವಮಂಗಳಾ ರುದ್ರಭೂಮಿಗೆ ಬಂದು ಅಲ್ಲಿಂದಲೇ ಹಿಂತಿರುಗಿದಳು. ಮನೆಯ ಹೊಸಿಲು ತುಳಿಯಲಿಲ್ಲ.

ಈ ವರ್ಷ ತೊಲೆ ಜಗ್ಗಿತು. ದುರಸ್ತಿಗೆ ಅನುಮತಿ ಕೇಳಿದಾಗ, ಮನೆ ನೋಡಿ ವರದಿ ಕೊಡಲು ನ್ಯಾಯಾಲಯ ಆರಾಧನಾ ಎಂಬ ಯುವ ವಕೀಲೆಯನ್ನು ಕಮಿಷನರಾಗಿ ನೇಮಿಸಿತು. ಅವಳು ಬಂದ ಬೆಳಿಗ್ಗೆ ಸರ್ವಮಂಗಳಾಳೂ ಬಂದಳು. ಬಚ್ಚಲು, ಅಡುಗೆಮನೆ ನೋಡಿಕೊಂಡು ಹಾಲಿಗೆ ಬಂದವಳು ಅಲ್ಲೇ ನಿಂತಳು. ಗೋಡೆಯ ಮೇಲೆ ಅಪ್ಪನ ಪಟ. ಅದರ ಕೆಳಗೆ ಮರದ ಕುರ್ಚಿಗೆ ಒರಗಿಸಿದ್ದ ಅವ್ವನ ಪಟ, ವಿಭೂತಿ, ಅಂದಿನ ಹೂವು.

“ಅಪ್ಪ ಗೋಡೆ ಮೇಲೆ, ಅವ್ವ ಕುರ್ಚಿ ಮೇಲೆ,” ಎಂದಳು. “ಅವಳಿಗೆ ಒಂದು ಮೊಳೆಗೂ ಗತಿ ಇರ್ಲಿಲ್ವಾ ಅಣ್ಣ? ಅವಳೂ ಕೇಸು ಹಾಕಿದ್ಲಾ ನಿನ್ಮೇಲೆ?”

ನಂಜಪ್ಪ ಒಳಗೆ ಹೋಗಿ ಆದೇಶದ ಪ್ರತಿ ತಂದರು. ಮಡಿಕೆಗಳಲ್ಲಿ ಕಾಗದ ಸವೆದಿತ್ತು.

“ಓದು. ‘ಯಾವುದೇ’ ಅಂತಿದೆ. ಗೋಡೆಗೆ ಮೊಳೆ ಹೊಡೆದ್ರೆ ಅದು ಬದಲಾವಣೆ ಅಲ್ವಾ? ಅದನ್ನೇ ಹಿಡ್ಕೊಂಡು ನಿನ್ನ ವಕೀಲರು ನನ್ನನ್ನ ಕೋರ್ಟಿಗೆ ಎಳೆದಿದ್ರೆ?”

ಮಾರಬಾರದು, ಒಡೆಯಬಾರದು, ಹೊಸದಾಗಿ ಕಟ್ಟಬಾರದು, ಅಷ್ಟೇ ಅದರ ಅರ್ಥ, ವಾಸದ ಮನೆಯಲ್ಲಿ ಮೊಳೆಗೆ ಯಾರೂ ಅಡ್ಡಿ ಬರುವುದಿಲ್ಲ ಎಂದು ಆರಾಧನಾ ಮೆಲ್ಲಗೆ ಹೇಳಿದಳು.

“ಹಾಗಂತ ಇಲ್ಲಿ ಬರೆದಿಲ್ಲಮ್ಮ,” ಎಂದರು ನಂಜಪ್ಪ.

ಸರ್ವಮಂಗಳಾ ಕೆಂಪು ಗೆರೆಯನ್ನೇ ನೋಡುತ್ತಿದ್ದಳು. ನಾಲ್ಕೈದು ವರ್ಷ ದಿನವೂ ಅಣ್ಣ ಆ ಕುರ್ಚಿಯ ಮುಂದೆ ಬಗ್ಗಿ ಹೂವಿಟ್ಟಿದ್ದಾನೆ. ಅವಳು ಆರಾಧನಾಳಿಂದ ಒಂದು ಹಾಳೆ ಇಸಿದುಕೊಂಡು ಬರೆದು, ಸಹಿ ಹಾಕಿ, ಅಣ್ಣನ ಕೈಗಿಟ್ಟಳು.

‘ಅವ್ವನ ಪಟಕ್ಕೆ ಮೊಳೆ ಹೊಡೆಯಲು, ಬಚ್ಚಲು ಸರಿಮಾಡಿಸಲು ನನ್ನ ಒಪಿಗೆ ಇದೆ.’

ಪಕಾರಕ್ಕೆ ಒತ್ತು ಬಿಟ್ಟುಹೋಗಿತ್ತು. ನಂಜಪ್ಪನವರ ಕೈ ತಾನಾಗಿ ಜೇಬಿಗೆ ಹೋಯಿತು, ಪೆನ್ಸಿಲನ್ನು ಮುಟ್ಟಿ ಹಾಗೇ ಹಿಂದೆ ಬಂತು. ಹಾಳೆಯನ್ನು ಆದೇಶದೊಳಗೆ ಇಟ್ಟು ಮಡಿಸಿದರು.

ಬಚ್ಚಲಿನ ವಿಷಯ ನ್ಯಾಯಾಲಯಕ್ಕೆ ತಿಳಿಸಬೇಕಿತ್ತು. ಪಾಲಿನ ದಾವೆಯೂ ಇದ್ದಲ್ಲೇ ಇತ್ತು. ಮುಂದಿನ ವಾಯಿದೆ ಬಿದ್ದಿತ್ತು, ಸರ್ವಮಂಗಳಾ ದಾವೆ ಬಿಡುವ ಮಾತೂ ಆಡಲಿಲ್ಲ. ನಂಜಪ್ಪ ಸುತ್ತಿಗೆ ತಂದು ಅಪ್ಪನ ಪಟದ ಪಕ್ಕ ಮೊಳೆ ಹೊಡೆದರು. ತಂಗಿ ಪಟ ಎತ್ತಿಕೊಟ್ಟು, ಸ್ವಲ್ಪ ಎಡಕ್ಕೆ ಸರಿಸಲು ಹೇಳಿದಳು. ಆರಾಧನಾ ವರದಿಯಲ್ಲಿ, ಹಾಲಿನ ಗೋಡೆಯಲ್ಲಿ ಎರಡು ಪಟ ಎಂದು ಬರೆದುಕೊಂಡಳು.

ಕುರ್ಚಿ ಖಾಲಿಯಾಗಿತ್ತು. ನಂಜಪ್ಪ ಅದರ ಮೇಲಿನ ವಿಭೂತಿಯ ಪುಡಿಯನ್ನು ಹೆಗಲಿನ ಟವೆಲಿನಿಂದ ಒರೆಸಿ, ಕುರ್ಚಿಯನ್ನು ತಂಗಿಯ ಕಡೆ ಸರಿಸಿದರು.

“ಕೂತ್ಕೋ ಮಂಗಳಾ. ಬಂದಾಗಿಂದ ನಿಂತೇ ಇದೀಯ.”