ಒಂಬತ್ತು ಪಂಚಮಿ

ಕಾಕುವಿನ ಬೆರಳ ತುದಿಗಳಲ್ಲಿ ಗೆರೆಗಳೇ ಇರಲಿಲ್ಲ. ಹೆಬ್ಬೆಟ್ಟಿನ ಮೇಲೆ ಎಲ್ಲರಿಗೂ ಇರುವ ಆ ಸುರುಳಿ ಸುರುಳಿ ಗೆರೆ ಪೂರ್ತಿ ಸವೆದು, ಚರ್ಮ ಹಳೆಯ ನಾಣ್ಯದ ಹಾಗೆ ನುಣ್ಣಗಾಗಿತ್ತು. ರೇಷನ್ ಅಂಗಡಿಯ ಯಂತ್ರದ ಮೇಲೆ ಅವರು ಬೆರಳಿಟ್ಟರೆ ಕೆಂಪು ದೀಪ ಹತ್ತುತ್ತಿತ್ತು. ಸೆರಗಿಗೆ ಒರೆಸಿ ಮತ್ತೆ ಇಟ್ಟರೂ ಕೆಂಪು. ಅಂಗಡಿಯವನು ತಲೆ ಕೆರೆದುಕೊಂಡರೆ ಕಾಕು ನನ್ನ ಕಡೆ ತಿರುಗಿ ನಗುತ್ತಿದ್ದರು. "ಏನ್ ಮಾಡೂದ್ರಿ ಅಕ್ಕೋರ, ಗೆರಿ ಎಲ್ಲಾ ರೊಟ್ಟಿಗೆ ಹತ್ತಿಕೊಂಡು ಹ್ವಾದವು. ನಿಗಡಿ ಮಂದಿ ತಿಂದು ಕುಂತಾರ!"

ಇಪ್ಪತ್ತೆಂಟು ವರ್ಷ ಜೋಳದ ರೊಟ್ಟಿ ಬಡಿದ ಕೈ ಅದು.

ನಾನು ಚನ್ನರಾಯಪಟ್ಟಣದವಳು. ಮದುವೆಯಾಗಿ ಪುಣೆಗೆ ಬಂದಾಗ ನಿಗಡಿಯ ಶಾಲೆಯೊಂದರಲ್ಲಿ ಗಣಿತ ಕಲಿಸುವ ಕೆಲಸ ಸಿಕ್ಕಿತು. ನನ್ನ ಗಂಡನ ಆಫೀಸು ಊರಿನ ಇನ್ನೊಂದು ತುದಿ, ಹಡಪಸರದಲ್ಲಿ. ಹೋಗಲು ಎರಡು ಗಂಟೆ, ಬರಲು ಎರಡೂವರೆ. ಆದರೂ ಕಾಕುವಿನ ಮನೆಯ ಮಹಡಿಯ ಎರಡು ಕೋಣೆ ಬಿಟ್ಟು ಹೋಗಲು ನಮಗೆ ಮನಸ್ಸಾಗಲಿಲ್ಲ. ಆರು ವರ್ಷ ಅಲ್ಲೇ ಬಾಡಿಗೆಗಿದ್ದೆವು. ಕೆಳಗಿನ ಮನೆಯಲ್ಲಿ ಕಾಕು ಒಬ್ಬರೇ. ಬಾಗಲಕೋಟೆ ಕಡೆಯವರು. ಆಕುರ್ಡಿಯ ಕಾರ್ಖಾನೆಯಲ್ಲಿ ದುಡಿದು ನಿವೃತ್ತರಾಗಿದ್ದ ಯಜಮಾನರು ನಾವು ಬರುವ ಮೊದಲೇ ತೀರಿಕೊಂಡಿದ್ದರು. ಒಬ್ಬಳೇ ಮಗಳನ್ನು ಸೊಲ್ಲಾಪುರಕ್ಕೆ ಕೊಟ್ಟಿದ್ದರು. ಮರಾಠಿಯವರು, ಕನ್ನಡದವರು ಎನ್ನದೆ ಓಣಿಯ ಎಲ್ಲರಿಗೂ ಅವರು ಕಾಕು, ಅಂದರೆ ಚಿಕ್ಕಮ್ಮ. ನಮ್ಮ ಕಡೆ ಯಾರೂ ಆಡದ ಆ ಶಬ್ದ ನನ್ನ ಬಾಯಿಗೆ ಅಂಟಿಕೊಳ್ಳಲು ಒಂದು ವಾರವೂ ಹಿಡಿಯಲಿಲ್ಲ.

ನನ್ನನ್ನು ಅವರು ಕರೆಯುತ್ತಿದ್ದದ್ದು 'ಅಕ್ಕೋರು' ಎಂದು. ಅವರ ಕಡೆ ಶಾಲೆಯಲ್ಲಿ ಕಲಿಸುವ ಹೆಂಗಸರಿಗೆ ಹಾಗನ್ನುತ್ತಾರಂತೆ. ವಯಸ್ಸಿನಲ್ಲಿ ಅವರ ಮಗಳಿಗಿಂತ ನಾನು ಚಿಕ್ಕವಳು, ಆದರೂ ಮಾತು ಮಾತಿಗೆ 'ರೀ' ಹಚ್ಚುತ್ತಿದ್ದರು. ಬೇಡವೆಂದರೆ ಕೇಳುತ್ತಿರಲಿಲ್ಲ. "ಸಾಲೀ ಕಲಿಸಾವ್ರು ನೀವು. ನಾ ಏಳನೇತ್ತಾ ಕಲತಾಕಿ" ಎನ್ನುತ್ತಿದ್ದರು. ನನ್ನ ಕನ್ನಡ ಕೇಳಿ ಮಾತ್ರ ಅವರಿಗೆ ಬಲು ನಗು. "ನಿಮ್ಮ ಮಾತು ಭಾಳ ಮೆತ್ತಗ ಅದರಿ, ನಿಮ್ಮ ರಾಗಿ ಮುದ್ದಿ ಇದ್ದಂಗ."

ಬೆಳಗಿನ ಐದಕ್ಕೆ ಹಂಚು ಒಲೆಯ ಮೇಲೇರುತ್ತಿತ್ತು. ಎಂಟು ಗಂಟೆಯೊಳಗೆ ಮಾರಲು ನೂರು ರೊಟ್ಟಿ. ಜೇಜುರಿ ಯಾತ್ರೆಗೆ ಹೊರಟ ಅವರ ಊರ ಕಡೆಯವರು ವರ್ಷಕ್ಕೆರಡು ಸಲ ಟೆಂಪೋ ತುಂಬಿ ಬಂದು ಅಂಗಳದಲ್ಲಿ ಊಟಕ್ಕೆ ಕೂರುತ್ತಿದ್ದರು. ಅವರಿಂದ ಒಂದು ರೂಪಾಯಿ ಮುಟ್ಟುತ್ತಿರಲಿಲ್ಲ. ಉಳಿದವರ ಹತ್ತಿರ ಮಾತ್ರ ಕರಾರುವಾಕ್ಕು. ಮಿಕ್ಸಿಯನ್ನು ಕಂತಿನ ಮೇಲೆ ಮಾರಲು ಬಂದವನನ್ನು ಬಾಗಿಲಲ್ಲೇ ನಿಲ್ಲಿಸಿ ಅವರು ನನಗೆ ಹೇಳಿದ ಮಾತು ಇದು: "ಎಷ್ಟು ಕೊಡಬೇಕು ಅಂತ ಕೇಳಬ್ಯಾಡ್ರಿ ಅಕ್ಕೋರ. ಎಲ್ಲೀತನಕ ಕೊಡಬೇಕು ಅಂತ ಕೇಳ್ರಿ."

ಆ ಮಾತಿನ ಅರ್ಥ ನನಗಾದದ್ದು ಹಡಪಸರದಲ್ಲಿ.

ಲಾಕ್‌ಡೌನ್ ಮುಗಿದು ಬಡ್ಡಿ ಇಳಿದಿದ್ದ ಕಾಲ. ಈಗ ಬಿಟ್ಟರೆ ಇಲ್ಲ ಎಂದು ಎಲ್ಲರೂ ಮನೆ ಕೊಳ್ಳುತ್ತಿದ್ದರು. ನಾವೂ ಒಂದು ಭಾನುವಾರ ಹೊಸ ಕಟ್ಟಡ ನೋಡಲು ಹೊರಟೆವು. "ಹದಿನಾಲ್ಕನೇ ಮಜಲಾ ಅಂದ್ರ? ಅಲ್ಲಿಂದ ಮಂದಿ ಹೆಂಗ ಕಾಣತಾರ ನೋಡೂಣ ತಡೀರಿ" ಎಂದು ಕಾಕು ಇಳಕಲ್ ಸೀರೆ ಉಟ್ಟು ಜೊತೆಗೆ ಬಂದರು. ಮನೆ ನೋಡಿ ಕೆಳಗಿಳಿದು ಬಿಲ್ಡರನ ಆಫೀಸಿನಲ್ಲಿ ಕೂತೆವು. ತಣ್ಣನೆಯ ಕೋಣೆ, ಕಾಫಿ, ಟೈ ಕಟ್ಟಿದ ಹುಡುಗ. ಅರವತ್ತು ಲಕ್ಷ ಸಾಲ ಎಂದಾಗ ನನ್ನ ಗಂಡ ಹಿಂಜರಿದರು. ಹುಡುಗ ನಕ್ಕು, ಇಪ್ಪತ್ತರ ಬದಲು ಮೂವತ್ತು ವರ್ಷಕ್ಕೆ ತೆಗೆದುಕೊಳ್ಳಿ, ಕಂತು ಎಷ್ಟು ಹಗುರ ಆಗುತ್ತದೆ ನೋಡಿ ಎಂದು ಹಾಳೆ ನಮ್ಮ ಕಡೆ ತಿರುಗಿಸಿದ. ನಿಜವಾಗಿಯೂ ಹಗುರವಾಗಿತ್ತು. ನಾವಿಬ್ಬರೂ ಮುಖ ಮುಖ ನೋಡಿಕೊಂಡೆವು.

ಕಾಕು ಕಾಫಿಯ ಕಪ್ಪು ಕೆಳಗಿಟ್ಟರು. "ಕಡೀ ಹಪ್ತಾ ಕಟ್ಟೂ ದಿನ ನಿಮ್ಮ ಮನಿಯವರಿಗೆ ಎಷ್ಟು ವಯಸ್ಸಾಗಿರತದ್ರಿ?"

ನನ್ನ ಗಂಡ ಮನಸ್ಸಿನಲ್ಲೇ ಕೂಡಿಸಿ, "ಅರವತ್ತಾರು" ಎಂದರು. ಆಮೇಲೆ ತಮಗೇ ಹೇಳಿಕೊಂಡ ಹಾಗೆ, "ಐವತ್ತೆಂಟಕ್ಕೆ ರಿಟೈರ್ ಆಗ್ತೀನಲ್ಲ" ಎಂದರು.

ಅಜ್ಜಿ ಏನು ಕೇಳುತ್ತಿದ್ದಾರೆ ಎಂದು ಹುಡುಗ ಮರಾಠಿಯಲ್ಲಿ ವಿಚಾರಿಸಿದ. ತಿಳಿದ ಮೇಲೆ, ಅಷ್ಟರಲ್ಲಿ ಪಗಾರ ಏರುತ್ತದಲ್ಲ ಆಜೀ ಎಂದ. ಕಾಕು ಮರಾಠಿಯಲ್ಲೇ ಉತ್ತರ ಕೊಟ್ಟರು: "ಪಗಾರ್ ವಾಢೇಲ್, ವಯ್ ಪಣ್ ವಾಢೇಲ್." ಪಗಾರ ಏರುತ್ತದೆ, ವಯಸ್ಸೂ ಏರುತ್ತದೆ. ಹುಡುಗ ಹಾಳೆಯನ್ನು ತನ್ನ ಕಡೆ ಎಳೆದುಕೊಂಡ.

ಬಸ್ಸಿನಲ್ಲಿ ವಾಪಸು ಬರುವಾಗ ಕಾಕು ತಮ್ಮ ಕಥೆ ಹೇಳಿದರು. ಈ ಮನೆಗೆ ಅವರ ಯಜಮಾನರು ಇಪ್ಪತ್ತು ವರ್ಷದ ಸಾಲ ಮಾಡಿದ್ದರು. ನಾಲ್ಕು ವರ್ಷ ಒಂದು ತಿಂಗಳೂ ತಪ್ಪದೆ ಕಟ್ಟಿದ ಮೇಲೆ, ಎಷ್ಟು ತೀರಿದೆ ನೋಡೋಣ ಎಂದು ಇಬ್ಬರೂ ಬ್ಯಾಂಕಿಗೆ ಹೋದರಂತೆ. "ಗುಮಾಸ್ತ ಲೆಜ್ಜರ್ ತಗದು ತೋರಿಸಿದ. ಅಸಲು ಎಷ್ಟಿತ್ತೋ ಹೆಚ್ಚುಕಡಿಮಿ ಅಷ್ಟ ಅದ! ಹಂಗಾರ ನಾವು ಕಟ್ಟಿದ್ದೆಲ್ಲಾ ಏನಾತಪಾ ಅಂದೆ. ಅದು ಬಡ್ಡಿರೀ ಅಂದ. ಶುರೂಕ ಬಡ್ಡೀನ ತಿನ್ನತೈತಿ, ಅಸಲು ಕಡೀಕ ಇಳೀತದ." ಮರುದಿನ ಬೆಳಿಗ್ಗೆ ಕಾಕು ರೊಟ್ಟಿ ಬಡಿದು ಮಾರಲು ಶುರು ಮಾಡಿದರು. ವರ್ಷಕ್ಕೊಮ್ಮೆ ಆ ದುಡ್ಡನ್ನೆಲ್ಲ ಒಯ್ದು ಅಸಲಿಗೆ ಕಟ್ಟುವುದು. ಇಪ್ಪತ್ತು ವರ್ಷದ ಸಾಲ ಹದಿಮೂರಕ್ಕೆ ಮುಗಿಯಿತು.

"ಈಗ ನಿಮಗ ಕೊಡತೀನಿ ಅಂತಾರಲ್ಲ, ಆ ಬಡ್ಡಿ ಕಡಿಮಿ ಅದ. ಆದ್ರೂ ಮೊದಲ ವರ್ಷ ನೀವು ನಾಕು ರೊಟ್ಟಿ ಬಡದ್ರ ಮೂರು ಬ್ಯಾಂಕಿಗೆ, ಒಂದು ಮನಿಗೆ" ಎಂದರು.

ಮನೆಗೆ ಬಂದು ಪುಸ್ತಕ ತೆಗೆದು ಲೆಕ್ಕ ಹಾಕಿದೆ. ಇಪ್ಪತ್ತು ವರ್ಷದ ಸಾಲದ ಮೊದಲ ಕಂತಿನಲ್ಲಿ ಅವರ ರೊಟ್ಟಿಯ ಲೆಕ್ಕ ಸರಿಯಾಗಿತ್ತು. ಮೂವತ್ತು ವರ್ಷದ್ದರಲ್ಲಿ ಮನೆಗೆ ಸೇರುವುದು ಅದಕ್ಕಿಂತಲೂ ಕಡಿಮೆ. ಅರವತ್ತು ಲಕ್ಷಕ್ಕೆ ಕೊನೆಗೆ ಕಟ್ಟುವುದು ಒಂದು ಕೋಟಿ ನಲವತ್ತು ಲಕ್ಷ. ಎಂಟನೆಯ ತರಗತಿಗೆ ಚಕ್ರಬಡ್ಡಿ ಕಲಿಸುವವಳು ನಾನು. ಹದಿನಾಲ್ಕನೆಯ ಮಹಡಿಯ ಗಾಳಿಗೆ ಅದೆಲ್ಲ ಹಾರಿಹೋಗಿತ್ತು.

ಆ ಮನೆಯ ಆಸೆ ಬಿಟ್ಟೆವು. ನಿಗಡಿಯಲ್ಲೇ, ಕಾಕುವಿನ ಮನೆಯಿಂದ ನಾಲ್ಕು ಓಣಿ ಆಚೆ, ಹಳೆಯ ಕಟ್ಟಡದಲ್ಲಿ ಒಂದು ಸಣ್ಣ ಮನೆ ಕೊಂಡೆವು. ನಲವತ್ತು ಲಕ್ಷ ಸಾಲ, ಇಪ್ಪತ್ತು ವರ್ಷ. ಗೃಹಪ್ರವೇಶದ ದಿನ ಹಾಲು ಉಕ್ಕಿಸಿದ್ದು ಕಾಕು.

ಒಂದೂವರೆ ವರ್ಷ ಕಳೆದಿರಬೇಕು. ರೊಟ್ಟಿ ತರಲು ಹೋದಾಗ ಕಾಕು ಕೇಳಿದರು, "ಬಡ್ಡಿ ಏರೇದಂತ ಟೀವ್ಯಾಗ ಹೇಳಾಕತ್ತಾರ. ನಿಮ್ಮದೇನಾತ್ರಿ?"

"ನಮಗೇನೂ ಆಗಿಲ್ಲ ಕಾಕು. ಕಂತು ಅಷ್ಟೇ ಇದೆ, ಒಂದು ರೂಪಾಯಿ ಹೆಚ್ಚಾಗಿಲ್ಲ" ಎಂದೆ, ಖುಷಿಯಿಂದಲೇ.

ಬಡಿಯುತ್ತಿದ್ದ ಕೈ ನಿಂತಿತು. "ಹಪ್ತಾ ಏರಿಲ್ಲಂದ್ರ ವರ್ಷ ಏರ್ಯಾವ್ರಿ ಅಕ್ಕೋರ. ನಾಳೇನ ಹೋಗಿ ಕೇಳ್ರಿ."

ಮರುದಿನ ಶಾಲೆಗೆ ಅರ್ಧ ರಜೆ ಹಾಕಿ ಹೋದೆ. ಬ್ಯಾಂಕಿನವರು ಮುದ್ರಿಸಿ ಕೊಟ್ಟ ಹಾಳೆಯಲ್ಲಿ 'ಉಳಿದ ಕಂತುಗಳು' ಎಂಬುದರ ಮುಂದೆ ಮುನ್ನೂರ ಐವತ್ತಮೂರು ಎಂದಿತ್ತು. ನಾವು ಸಾಲ ತೆಗೆದುಕೊಂಡ ದಿನ ಅದು ಇನ್ನೂರ ನಲವತ್ತಾಗಿತ್ತು. ಒಂದೂವರೆ ವರ್ಷ ಕಟ್ಟಿದ ಮೇಲೆ ಇನ್ನೂ ಇಪ್ಪತ್ತೊಂಬತ್ತು ವರ್ಷ ಉಳಿದಿತ್ತು! ಮೊಬೈಲಿಗೆ ಸಂದೇಶ ಕಳಿಸಿದ್ದೇವಲ್ಲ ಮೇಡಂ ಎಂದರು. ಕಳಿಸಿದ್ದರು, ನಾವು ಓದಿರಲಿಲ್ಲ. ಕಂತಿನ ಮೂವತ್ತು ಸಾವಿರ ಚಿಲ್ಲರೆಯಲ್ಲಿ ಈಗ ಅಸಲಿಗೆ ಸೇರುತ್ತಿದ್ದದ್ದು ಎರಡು ಸಾವಿರದ ಮುನ್ನೂರು. ಕೊನೆಯ ಕಂತಿನ ದಿನ ನನ್ನ ಗಂಡನಿಗೆ ಅರವತ್ತೇಳು. ಮೂವತ್ತು ವರ್ಷದ ಸಾಲ ಬೇಡವೆಂದು ಎದ್ದು ಬಂದವರು ನಾವು. ಅದೇ ಸಾಲ ಸದ್ದಿಲ್ಲದೆ ಬಂದು ನಮ್ಮ ಮನೆ ಹೊಕ್ಕಿತ್ತು.

ಅವತ್ತೇ ಅರ್ಜಿ ಬರೆದು ಕಂತನ್ನು ನಾಲ್ಕೂವರೆ ಸಾವಿರದಷ್ಟು ಏರಿಸಿದೆವು. ವರ್ಷಗಳು ಮತ್ತೆ ಮೊದಲಿನಷ್ಟಕ್ಕೆ ಇಳಿದವು. ಆದರೆ ಆ ಮುನ್ನೂರ ಐವತ್ತಮೂರು ನನ್ನೊಳಗೆ ಕೂತುಬಿಟ್ಟಿತು. ಶನಿವಾರ ಭಾನುವಾರ ಟ್ಯೂಷನ್ ಹಿಡಿದೆ. ಸಿನಿಮಾ ಬಿಟ್ಟೆ, ಹೊಸ ಸೀರೆ ಬಿಟ್ಟೆ. ಉಳಿದದ್ದೆಲ್ಲ ಅಸಲಿಗೆ. ಕಾಕು ನಡೆದ ದಾರಿಯಲ್ಲೇ ನಡೆಯುತ್ತಿದ್ದೇನೆ ಎಂದು ಒಳಗೊಳಗೇ ಹೆಮ್ಮೆ. ಗೌರಿ ಹಬ್ಬಕ್ಕೆ ಊರಿಗೆ ಹೋಗುವುದನ್ನೂ ಬಿಟ್ಟೆ. ಮೊದಲ ವರ್ಷ ಅಮ್ಮ ಬಾಗಿನವನ್ನು ಯಾರದೋ ಕೈಯಲ್ಲಿ ಕಳಿಸಿದಳು. ಆಮೇಲಿನ ವರ್ಷ ಫೋನ್ ಬಂತು.

ನಾನಾಗ ಕಾಕುವಿನ ಅಡುಗೆಮನೆಯಲ್ಲಿ ಕೂತಿದ್ದೆ. "ಇಲ್ಲಮ್ಮ, ಈ ಸಲ ಆಗಲ್ಲ. ಟ್ಯೂಷನ್ ಬಿಡಕ್ಕಾಗಲ್ಲ. ಮುಂದಿನ ವರ್ಷ ಖಂಡಿತಾ ಬರ್ತೀನಿ" ಎಂದು ಫೋನಿಟ್ಟೆ.

ಕಾಕು ಒಲೆ ಆರಿಸಿದರು. ಹಂಚಿನ ಮೇಲೆ ರೊಟ್ಟಿ ಇತ್ತು. ಅದನ್ನು ತಿರುವಿ ಹಾಕದೆ ನನ್ನ ಎದುರು ಬಂದು ಕೂತರು.

"ಯಾರು? ನಿಮ್ಮವ್ವೇನು?"

"ಹೂಂ ಕಾಕು. ಹಬ್ಬಕ್ಕೆ ಕರೀತಿದಾರೆ. ಹದಿನೈದು ದಿನ ಹೋದ್ರೆ ಹನ್ನೆರಡು ಸಾವಿರ ಕೈತಪ್ಪುತ್ತೆ. ಅಷ್ಟು ಅಸಲಿಗೆ ಕಟ್ಟಬಹುದು. ನೀವೇ ಹೇಳಿಕೊಟ್ಟಿದ್ದಲ್ವಾ?"

"ಅರ್ಧಾ ಹೇಳಿಕೊಟ್ಟೇನಿ ನಿನಗ" ಎಂದರು. ಎಂಟು ವರ್ಷದಲ್ಲಿ ಮೊದಲ ಸಲ ಅವರು ನನಗೆ 'ರೀ' ಹಚ್ಚಲಿಲ್ಲ.

ಆಮೇಲೆ ಉಳಿದರ್ಧ ಹೇಳಿದರು. ಅವರ ಕಡೆ ನಾಗರ ಪಂಚಮಿಗೆ ಹೆಣ್ಣುಮಕ್ಕಳು ತವರಿಗೆ ಹೋಗುತ್ತಾರೆ. ಅಣ್ಣ ಬಂದು ಕರೆದೊಯ್ಯುತ್ತಾನೆ. ಜೋಕಾಲಿ ಕಟ್ಟಿರುತ್ತಾರೆ, ತಾಯಿ ಉಂಡಿ ಕಟ್ಟಿರುತ್ತಾಳೆ.

"ನಮ್ಮಣ್ಣ ವರ್ಷಾ ಬರತಿದ್ದ, ರಾತ್ರಿ ಬಸ್ಸಿಗೆ ನಿಂತಕೊಂಡು. ಶ್ರಾವಣದಾಗ ರೊಟ್ಟಿ ಗಿರಾಕಿ ಜಾಸ್ತಿ. ಮುಂದಿನ ವರ್ಷ ಬರತೀನಿ ಅಂತ ಅವ್ವಗ ಹೇಳಣ್ಣಾ ಅಂತಿದ್ದೆ. ಒಂದಲ್ಲ, ಎರಡಲ್ಲ, ಒಂಬತ್ತು ವರ್ಷ ಹಂಗ ತಿರುಗಿ ಕಳಿಸಿದೆ. ಉಂಡಿ ಡಬ್ಬಿ ಇಟ್ಟು ಹೋಗತಿದ್ದ. ಸಾಲಾ ತೀರಿದ್ದು ಪುಷ್ಯದಾಗ. ಅವ್ವ ಹೋದಾಕಿ ಅದರ ಹಿಂದಿನ ಕಾರ್ತೀಕದಾಗ." ಕೈಗೆ ಹತ್ತಿದ ಹಿಟ್ಟು ಉಜ್ಜಿಕೊಂಡರು. "ಸಾಲಾ ಮುಗೀತು ಅಂತ ಬ್ಯಾಂಕಿನ್ಯಾವ ಕಾಗದಾ ಬರಕೊಟ್ಟ. ಎಷ್ಟು ಕೊಟ್ಟೀವಿ ಅಂತ ಎಲ್ಲಾ ಅದರಾಗಿತ್ತು. ಒಂಬತ್ತು ಪಂಚಮಿ ಇರಲಿಲ್ಲ."



"ಬ್ಯಾಂಕಿಗೆ ಒಂದು ದಿನಾನೂ ಜಾಸ್ತಿ ಕೊಡಬ್ಯಾಡ, ಅದು ಖರೆ. ಆದ್ರ ನಿಮ್ಮವ್ವನ ದಿನಾ ತಗದು ಮನಿಗೆ ಕೊಡಬ್ಯಾಡ. ಎರಡು ವರ್ಷ ತಡಾ ತೀರಲೇಳು. ಹೋಗವಾ" ಎಂದರು. ಎದ್ದು ಹೋಗಿ ಕಾದ ಹಂಚಿನ ಮೇಲೇ ಸೀದುಹೋಗಿದ್ದ ರೊಟ್ಟಿಯನ್ನು ಎಬ್ಬಿಸಿದರು.

ನಾನು ಹೋದೆ. ಶಾಲೆಗೆ ರಜೆ ಹಾಕಿ, ಟ್ಯೂಷನ್ ಮಕ್ಕಳಿಗೂ ರಜೆ ಕೊಟ್ಟು ಹದಿನೈದು ದಿನಕ್ಕೆಂದು ಹೋದೆ. ಅಮ್ಮ ಬಸ್‌ಸ್ಟ್ಯಾಂಡಿಗೇ ಬಂದಿದ್ದಳು. ಎರಡು ವರ್ಷದಲ್ಲಿ ಅವಳ ಕೂದಲು ಇಷ್ಟು ಬೆಳ್ಳಗಾಗಿದ್ದು ಫೋನಿನಲ್ಲಿ ನನಗೆ ಕಂಡಿರಲಿಲ್ಲ. ಇಬ್ಬರೂ ಮೊರಗಳನ್ನು ತೊಳೆದು ಅರಿಶಿನ ಹಚ್ಚಿದೆವು. ಮಧ್ಯಾಹ್ನಗಳಲ್ಲಿ ಅವಳ ಪಕ್ಕ ಮಲಗಿ ಸುಮ್ಮನೆ ಸೂರು ನೋಡುತ್ತಿದ್ದೆ. ಒಂದು ದಿನ ಕಾಕುವಿಗೆ ಫೋನ್ ಮಾಡಿ ಇಬ್ಬರನ್ನೂ ಮಾತಾಡಿಸಿದೆ. ಒಬ್ಬರ ಕನ್ನಡ ಒಬ್ಬರಿಗೆ ಅರ್ಧ ತಿಳಿಯದೆ ಇಬ್ಬರೂ ನಕ್ಕಿದ್ದೇ ನಕ್ಕಿದ್ದು. ನಾನು ಕಾಕುವಿನ ದನಿ ಕೇಳಿದ್ದು ಅದೇ ಕೊನೆ.

ಕಾಕು ಹೋಗಿ ಒಂದೂವರೆ ವರ್ಷವಾಯಿತು. ಶಾಲೆಗೆ ಹೋಗುವ ದಾರಿ ಅವರ ಮನೆಯ ಮುಂದೆಯೇ. ಆ ಕಡೆ ನೋಡಬಾರದು ಎಂದುಕೊಂಡೇ ಹೋಗುತ್ತೇನೆ, ನೋಡುತ್ತೇನೆ. ಕೆಳಗೆ ಬೇರೆ ಯಾರೋ ಬಾಡಿಗೆಗಿದ್ದಾರೆ; ಅಂಗಳದಲ್ಲಿ ಸ್ಕೂಟರ್ ನಿಲ್ಲಿಸುತ್ತಾರೆ. ಹೋದ ತಿಂಗಳು ಬಡ್ಡಿ ಸ್ವಲ್ಪ ಇಳಿಯಿತು. ಹಾಳೆ ತರಿಸಿ ನೋಡಿದೆ, ಎಂಟು ಕಂತು ಕಡಿಮೆಯಾಗಿದ್ದವು. ಅದನ್ನು ಯಾರಿಗಾದರೂ ಓಡಿಹೋಗಿ ಹೇಳಬೇಕೆನಿಸಿತು. ನನ್ನ ಗಂಡನಿಗೆ ಹೇಳಿದೆ, ಅವರೂ ಸಂತೋಷಪಟ್ಟರು. ಆದರೆ ನಾನು ಹೇಳಬೇಕೆಂದಿದ್ದದ್ದು ಅವರಿಗಲ್ಲ.

ಅವತ್ತು ಹಬ್ಬ ಮುಗಿಸಿ ಊರಿನಿಂದ ಬಂದವಳು ಅಮ್ಮ ಕಟ್ಟಿಕೊಟ್ಟ ಕರ್ಜಿಕಾಯಿ ಹಿಡಿದು ಸೀದಾ ಕಾಕುವಿನ ಮನೆಗೆ ಹೋದೆ. ಬಾಗಿಲು ತೆಗೆದದ್ದು ಸೊಲ್ಲಾಪುರದ ಮಗಳು. ಅವಳ ಮುಖ ನೋಡಿದ ಕೂಡಲೇ ತಿಳಿಯಿತು. ಆರು ದಿನದ ಹಿಂದೆ ಅಂಗಳದಲ್ಲಿ ಕುಸಿದು ಬಿದ್ದಿದ್ದರು, ಆಸ್ಪತ್ರೆಯಲ್ಲಿ ಎರಡು ದಿನ ಇದ್ದರು, ಅಷ್ಟೇ. ನನ್ನ ಗಂಡ ಎರಡೂ ದಿನ ಅಲ್ಲೇ ಇದ್ದರಂತೆ, ಹೆಗಲೂ ಕೊಟ್ಟರಂತೆ. ದಿನಾ ಸಂಜೆ ನನ್ನ ಜೊತೆ ಫೋನಿನಲ್ಲಿ ಮಾತಾಡಿದವರು ಒಂದು ಮಾತೂ ಎತ್ತಿರಲಿಲ್ಲ. ನಾನು ಹೊಸ್ತಿಲಲ್ಲೇ ಕೂತು, ಯಾಕೆ ಯಾರೂ ನನಗೆ ಹೇಳಲಿಲ್ಲ ಎಂದು ಅವಳ ಮೇಲೆ ರೇಗಿದೆ.

ಅವಳು ನನ್ನ ಪಕ್ಕ ಕೂತಳು. "ಅವ್ವಗ ಎಚ್ಚರಿತ್ರಿ. ನಾನ ಕೇಳಿದೆ, ಅಕ್ಕೋರಿಗೆ ಫೋನ್ ಹಚ್ಚಲೇನು ಅಂತ. ಬ್ಯಾಡಂದ್ಲು. ನಿಮ್ಮ ಮನಿಯವರ ಕಡಿಂದನೂ ಆಣಿ ತಗೊಂಡ್ಲು. 'ಆಕಿ ಅವ್ವನ ಮನ್ಯಾಗ ಅದಾಳ. ಗೊತ್ತಾದ್ರ ಎದ್ದು ಬಂದಬಿಡತಾಳ ಹುಚ್ಚಿ. ಇರಲಿ ಬಿಡು, ಇನ್ನೂ ಆರು ದಿನ ಅದಾವ ಆಕೀವು' ಅಂದ್ಲು."