ಅರ್ಲ್‌ನ ಎರಡನೆಯ ಮಗಳು

ಅಕ್ಕಾ, ನಿನ್ನನ್ನು ನಾನು ಕೆಲಸದವಳು ಎಂದೆ. ಗಾಬರಿಯಲ್ಲಿ ಬಾಯಿ ತಪ್ಪಿರಬೇಕು ಎಂದು ನೀನು ನನ್ನ ಪರವಾಗಿ ಅಂದುಕೊಂಡಿರಬಹುದು — ಹಾಗಲ್ಲ. ತಿಳಿದೇ ಹೇಳಿದ್ದು. ಏಳು ವರ್ಷಗಳಿಂದ ಫೋನಿನಲ್ಲಿ ಸೆಕೆ, ಮಂಡಿನೋವು ಎಂದೆಲ್ಲ ಮಾತಾಡುತ್ತೇವೆ, ಇದೊಂದನ್ನು ಬಿಟ್ಟು. ನಿನ್ನೆ ಮಗಳು ದಿಯಾಗೆ ಎಲ್ಲ ಹೇಳಿದೆ. ಇವತ್ತು ನಿನಗೆ ಬರೆಯುತ್ತಿದ್ದೇನೆ.

ಆ ಶುಕ್ರವಾರ ಬೆಳಿಗ್ಗೆ ಎಂದಿನಂತೆ ಮುರಕ್ಕಬಾತ್ ಬಡಾವಣೆಯ ನಮ್ಮ ಫ್ಲ್ಯಾಟಿನ ಬಾಲ್ಕನಿಯ ಧೂಳು ಒರೆಸಿದೆ, ನೀರುದೋಸೆಗೆ ಅಕ್ಕಿ ರುಬ್ಬಿದೆ. ರಜೆ, ಇವರು ಇನ್ನೂ ಮಲಗಿದ್ದರು. ದಿಯಾ ನೆಲದ ಮೇಲೆ ಕವುಚಿ ಮಲಗಿ ಶಾಲೆಯ ಚಾರ್ಟ್ ಮಾಡುತ್ತಿದ್ದಳು — ಮಧ್ಯಯುಗದ ಒಬ್ಬ ಇಂಗ್ಲಿಷ್ ಅರ್ಲ್, ಅಂದರೆ ದೊಡ್ಡ ದೊರೆಯ ಬದುಕು, ಅವನ ಸಂಸಾರ. ಕೋಟೆ, ಬೇಟೆನಾಯಿ, ಹೆಂಡತಿಯ ಕೊಂಬಿನಂಥ ಟೊಪ್ಪಿಗೆ, ಸಾಲಾಗಿ ಐದು ಮಕ್ಕಳು. ಅರ್ಲ್‌ನ ಗಡ್ಡಕ್ಕೆ ಹತ್ತಿ ಅಂಟಿಸಿಕೊಟ್ಟವಳು ನಾನೇ.

ನೀನು ಅಬುಧಾಬಿಯ ಅರಬ್ಬಿ ಮನೆಯೊಂದಕ್ಕೆ ಮಕ್ಕಳನ್ನು ನೋಡಿಕೊಳ್ಳಲು ಬಂದು ಮೂರು ತಿಂಗಳಾಗಿತ್ತು. ನಾನೋ, ದಿಯಾಗೂ ಸೇರಿ ಇಲ್ಲಿ ಎಲ್ಲರಿಗೂ — ಅಕ್ಕ ಉಡುಪಿಯಲ್ಲಿ ಟೀಚರ್ ಎಂದು ಹೇಳಿಟ್ಟಿದ್ದೆ. ಇವರಿಗೆ ನಿಜ ಗೊತ್ತಿತ್ತು, ಸುಮ್ಮನಿದ್ದರು.

ಪಕ್ಕದ ಫ್ಲ್ಯಾಟಿನ ವೀಣಾ ಚಾರ್ಟ್ ನೋಡಲು ಬಂದಳು. ಅವಳ ಮಗನೂ ಅದೇ ಕ್ಲಾಸು. ದಿಯಾ ಬೆರಳಿಟ್ಟು ತೋರಿಸಿದಳು. ಅರ್ಲ್‌ನ ಎರಡನೆಯ ಮಗಳನ್ನು ಇನ್ನೊಬ್ಬ ದೊರೆಯ ಮನೆಗೆ ಸೇವೆಗೆ ಕಳಿಸಿದ್ದರಂತೆ. ಒಡತಿಯ ಕೈಗೆ ನೀರು ಹಾಕುವುದು, ತಲೆ ಬಾಚುವುದು. "ಇಟ್ ವಾಸ್ ಆನ್ ಆನರ್, ಆಂಟಿ."

ವೀಣಾ ನಕ್ಕಳು. "ಎಂಥ ಆನರ್ ಮಾರಾಯ್ತಿ! ಅಷ್ಟು ದೊಡ್ಡವನ ಮಗಳು ಮೇಡ್ ಕೆಲಸಕ್ಕಾ? ನಾನಾದ್ರೆ ಹೊರಗೆ ಬಾಯಿ ಬಿಡ್ತಿರ್ಲಿಲ್ಲ."

ನಾನೂ ನಕ್ಕೆ. ಆಗಲೇ ಬೆಲ್ಲು.

ನೀನು. ತಿಂಗಳಿಗೊಂದೇ ರಜೆ, ಎರಡು ಗಂಟೆಯ ಬಸ್ಸು — ನನಗೆ ಖುಷಿಯಾಗಲಿ ಎಂದು ಹೇಳದೆಯೇ ಬಂದಿದ್ದೆ. ಆ ಮನೆಯವರು ಕೊಟ್ಟ ಬಿಳಿ ಕಾಲರಿನ ಕಂದು ಯೂನಿಫಾರ್ಮಿನಲ್ಲೇ. ಕೈಯಲ್ಲಿ ಬಣ್ಣದ ಪೆನ್ಸಿಲ್ಲಿನ ಡಬ್ಬಿ. ಕೈಗೂಸಾಗಿದ್ದಾಗ ನೋಡಿದ್ದ ದಿಯಾಗೆಂದು ತಂದದ್ದು. ನೀನು ಇನ್ನೇನು ನನ್ನ ಹೆಸರು ಹಿಡಿದು ಕರೆಯಬೇಕು — ನಾನು ಮೊದಲು ಮಾತಾಡಿದೆ.

"ಹೊಸ ಮೇಡ್, ವೀಣಾ. ಕೆಲಸ ಕೇಳಿಕೊಂಡು ಬಂದದ್ದು."

ನೀನು ನನ್ನ ಮುಖ ನೋಡಿದೆ. ಒಂದೇ ಸಲ. ಡಬ್ಬಿಯನ್ನು ಚೀಲದೊಳಗೆ ಸರಿಸಿ, "ಕಿಚನ್ ಎಲ್ಲಿ?" ಎಂದೆ.

ಒಳಗೆ ನೀರು ಬಿಡುವ ಸದ್ದು, ಲೋಟಗಳನ್ನು ಮಗುಚಿಡುವ ಸದ್ದು. ಎದ್ದು ಬರಬಹುದಿತ್ತು — ವೀಣಾಳಿಗೆ ಚಹಾ ಬಗ್ಗಿಸುತ್ತ ಕುಳಿತೆ. ಅವಳು ಕೆಳಗಿನ ಅಂಗಡಿಗೆಂದು ಹೊರಟಾಗ ನೀನೂ ಹಿಂದೆಯೇ ಹೊರಟೆ. ತಡೆಯಲಿಲ್ಲ. ಇವರು ಎದ್ದು ಯಾರು ಬಂದಿದ್ದರು ಎಂದರೆ, ವೀಣಾ ಎಂದೆ. ಅಷ್ಟೇ.

ಸಿಂಕನ್ನು ಕೂಡ ಒರೆಸಿ ಒಣಗಿಸಿದ್ದೆ ನೀನು. ಆ ಇಡೀ ದಿನ ನಾನು ಅದಕ್ಕೆ ನೀರು ಬಿಡಲಿಲ್ಲ.

ಸಂಜೆ ವೀಣಾ ಕೊತ್ತಂಬರಿ ಸೊಪ್ಪು ಕೇಳಿಕೊಂಡು ಬಂದಳು. ಬಾಗಿಲಲ್ಲೇ ನಿಂತು ಅಂದಳು: "ನಿನ್ನ ಆ ಹೆಂಗಸನ್ನು ಲಿಫ್ಟಲ್ಲಿ ಕೇಳಿದೆ ಮಾರಾಯ್ತಿ, ನಮ್ಮಲ್ಲಿಗೂ ಬರ್ತೀಯಾ ಅಂತ. 'ಮೇಡಮ್ಮನ್ನ ಕೇಳಿ, ಅವ್ರು ಹೂಂ ಅಂದ್ರೆ ಬರ್ತೇನೆ' ಅಂದ್ಲು. ಒಳ್ಳೆ ಜನ ಸಿಕ್ಕಿದ್ದಾಳೆ ನಿಂಗೆ."