ಠಾಣೆಗೆ ಹೇಳಿ ಬರುವ ಅಪ್ಪ

ಭಾಲ್ಕಿಯ ಆ ಬಾಡಿಗೆ ಮನೆಯ ಮಾಲೀಕನ ಮುಖ ನೆನಪಾದರೆ ನನಗೆ ಇಂದಿಗೂ ಮೈ ಉರಿಯುತ್ತದೆ. ಅವನು ನನ್ನನ್ನು ಸರ್ ಎಂದೇ ಕರೆಯುತ್ತಿದ್ದ. ಸರ್ ಎನ್ನುತ್ತಲೇ ಮನೆ ಬಿಡಿಸಿದ.

ಆಗ ನಾನು ಭಾತಂಬ್ರಾ ಕಡೆಯ ಒಂದು ಸರ್ಕಾರಿ ಶಾಲೆಯಲ್ಲಿ ಮಾಸ್ತರ. ನಮ್ಮ ಮಂದಿಯಲ್ಲಿ ಕುರ್ಚಿಯ ಮೇಲೆ ಕುಳಿತು ಕೆಲಸ ಮಾಡಿದ ಮೊದಲಿಗ ನಾನೇ. ನಮ್ಮವರು ಔರಾದ್ ತಾಲೂಕಿನ ಗಡಿಯಲ್ಲಿ, ಡಾಬಕಾ ಸುತ್ತಮುತ್ತ, ಕತ್ತೆಯ ಮೇಲೆ ಸಂಸಾರ ಹೇರಿಕೊಂಡು ಊರಿಂದೂರಿಗೆ ತಿರುಗಿದವರು. ಸವೆದ ಬೀಸುಕಲ್ಲನ್ನು ಉಳಿಯಿಂದ ಹೊಡೆದು ಮತ್ತೆ ಒರಟು ಮಾಡಿಕೊಡುವುದು ನಮ್ಮ ಕಸುಬು. ಹಿಟ್ಟಿನ ಗಿರಣಿ ಬಂದು ಕಸುಬು ಹೋಯಿತು. ಬಯಲುಗಳಿಗೆಲ್ಲ ತಂತಿ ಬೇಲಿ ಬಿದ್ದು ಡೇರೆ ಹಾಕುವ ಜಾಗವೂ ಹೋಯಿತು. ನಾವು ಕಳ್ಳರೆಂಬ ಅನುಮಾನವೊಂದು ಎಲ್ಲಿಗೂ ಹೋಗಲಿಲ್ಲ.

ನಮ್ಮಲ್ಲಿ ನಿಜಾಮನ ಕಾಲದಿಂದ ಬಂದ ಒಂದು ಪದ್ಧತಿಯಿದೆ. ಯಾವ ಊರಿಗೆ ಹೋದರೂ ಡೇರೆಯ ಗೂಟ ಹೊಡೆಯುವ ಮೊದಲು ಹಿರಿಯನೊಬ್ಬ ಪೊಲೀಸ್ ಪಾಟೀಲನ ಮುಂದೆ ಕೈಮುಗಿದು ನಿಂತು, ನಾವು ಇಂಥ ಕುಲದವರು, ಬಂದಿದ್ದೇವೆ, ಇಷ್ಟು ಮಂದಿ ಇದ್ದೇವೆ ಎಂದು ಹಾಜರಿ ಹೇಳಬೇಕು. ಹೇಳದಿದ್ದರೆ ಒಳಗೆ ಹಾಕುತ್ತಿದ್ದರಂತೆ. ಆ ಕಾನೂನು ಹೋಗಿ ಎಷ್ಟೋ ಕಾಲವಾಯಿತು, ಪಾಟೀಲರೂ ಹೋದರು. ಅಪ್ಪ ಮಾತ್ರ ಬಿಡಲಿಲ್ಲ.

ಭಾಲ್ಕಿಯಲ್ಲಿ ಮನೆ ಹುಡುಕುವಾಗ ಎಲ್ಲರದೂ ಒಂದೇ ಪ್ರಶ್ನೆ. "ಯಾವ ಮಂದಿ ಆಗ್ತೀರಿ ಸರ್?" ನಾನು "ಮಾಸ್ತರ ಮಂದಿ ರೀ" ಎನ್ನುತ್ತಿದ್ದೆ. ಒಬ್ಬಳು ನಕ್ಕು ಮುಖದ ಮೇಲೆಯೇ ಬಾಗಿಲು ಹಾಕಿಕೊಂಡಳು. ಈ ಮಾಲೀಕ ಮಾತ್ರ ಎರಡನೆಯ ಸಲ ಕೇಳಲಿಲ್ಲ. ದೇವರಂಥ ಮನುಷ್ಯ ಎಂದುಕೊಂಡು ನಾನು ಹಿಗ್ಗಿದೆ.

ಸಾಮಾನು ಇಳಿಸಿದ ದಿನವೇ ಅಪ್ಪ ಕಾಣೆ. ಸಂಜೆ ಬಂದ, ಒಗೆದ ಧೋತರ, ತಲೆಗೆ ರುಮಾಲು.

"ಎಲ್ಲಿಗಿ ಹೋಗಿದ್ದಿ ಅಪ್ಪಾ?"

"ಠಾಣೇಕ ಹೋಗಿದ್ದೆ. ನಾವು ಬಂದೇವು ಅಂತ ಹೇಳಿ ಬಂದೆ. ಸಾಹೇಬ ಚಲೋ ಮನಷಾ ಇದ್ದಾನ, ಮನಿ ಎಲ್ಲಿ ಅಂತನೂ ಕೇಳ್ದ."

ನಾನು ಹುಚ್ಚನಂತೆ ಕಿರುಚಾಡಿದೆ. ಮಗ ಸರ್ಕಾರಿ ನೌಕರ, ನಾವು ಬಾಡಿಗೆ ಕೊಟ್ಟು ಇರುವವರು, ಯಾರಿಗೂ ಏನೂ ಹೇಳಬೇಕಾಗಿಲ್ಲ ಎಂದೆ. ಅಪ್ಪನಿಗೆ ನನ್ನ ಸಿಟ್ಟೇ ಅರ್ಥವಾಗಲಿಲ್ಲ.

"ಹೇಳಲಾರದ ಕುಂತ್ರ ಕಳ್ಳರ ಹಂಗ ಆಗ್ತದಲ್ಲೋ" ಎಂದ.

ಮಳೆಗಾಲ ಮುಗಿಯುವ ಹೊತ್ತಿಗೆ ಮಾಲೀಕನ ನೀರಿನ ಮೋಟಾರು ಕಾಣೆಯಾಯಿತು. ಪೊಲೀಸರು ಬಂದವರು ಮೋಟಾರಿದ್ದ ಜಾಗವನ್ನೂ ನೋಡಲಿಲ್ಲವಂತೆ, ಸೀದಾ ನಮ್ಮ ಬಾಗಿಲಿಗೆ ಬಂದರು. ಶಾಲೆಗೆ ಸುದ್ದಿ ಬಂದು ನಾನು ಠಾಣೆಗೆ ಓಡಿದಾಗ ಅಪ್ಪ ಗೋಡೆಗೆ ಒರಗಿ ಕುಕ್ಕರಗಾಲಲ್ಲಿ ಕುಳಿತಿದ್ದ. ಒಂದು ಕೆನ್ನೆ ಬಾತುಕೊಂಡಿತ್ತು. ಚಪ್ಪಲಿಗಳನ್ನು ಜೋಡಿಸಿ ಪಕ್ಕದಲ್ಲಿ ಇಟ್ಟುಕೊಂಡಿದ್ದ.

ಪೇದೆ ನನಗೆ ಕುರ್ಚಿ ತೋರಿಸಿದ. "ಕೂಡ್ರಿ ಸರ್. ನಿಮ್ಮ ಅಪ್ಪ ಭಾಳ ಇಮಾನದಾರ್ ಇದ್ದಾನ ನೋಡ್ರಿ. ತಾನೇ ಬಂದು ಮನಿ ಎಲ್ಲದ ಅಂತ ಹೇಳಿ ಹೋಗಿದ್ದ. ನಮಗ ಹುಡುಕೋ ತ್ರಾಸೇ ಆಗ್ಲಿಲ್ಲ."

ನಾನು ಕೂರಲಿಲ್ಲ. ಆ ಕುರ್ಚಿ ಎತ್ತಿ ಅವನ ತಲೆಯ ಮೇಲೆ ಹಾಕಬೇಕೆನಿಸಿತು. ನೌಕರಿ ನೆನಪಾಗಿ ಕೈ ಕಟ್ಟಿಕೊಂಡೆ.

ಸಂಜೆ ಠಾಣೆಗೆ ಮಾಲೀಕನ ಫೋನು ಬಂತು. ಮೋಟಾರನ್ನು ಅವನ ಹೆಂಡತಿಯ ತಮ್ಮ ಯಾರಿಗೂ ಹೇಳದೆ ಹೊಲಕ್ಕೆ ಒಯ್ದಿದ್ದನಂತೆ. ಪೇದೆ ನಕ್ಕ. ಅಪ್ಪ ಎದ್ದು, ಹೊಡೆದವನಿಗೇ ಸಲಾಮು ಮಾಡಿ ಹೊರಬಂದ.

ಮರುದಿನ ಮಾಲೀಕ ಬಂದ. ಕ್ಷಮೆ ಕೇಳಲು ಬಂದಿದ್ದಾನೆಂದು ಹೆಂಡತಿ ಚಹಕ್ಕೆ ಇಟ್ಟಳು.

"ತಪ್ಪು ತಿಳೀಬ್ಯಾಡ್ರಿ ಸರ್. ಓಣ್ಯಾಗ ಮಂದಿ ಮಾತಾಡ್ತಾರ. ಬ್ಯಾರೆ ಮನಿ ನೋಡ್ಕೋರಿ."

"ಮೋಟಾರು ಒಯ್ದಂವ ನಿಮ್ಮ ಮೈದುನ ಅಲ್ರಿ?"

"ಅಂವಾ ಮನ್ಯಾಗಿನ ಹುಡುಗ ರಿ ಸರ್" ಎಂದ, ನನಗೇ ಬುದ್ಧಿ ಸಾಲದು ಎಂಬಂತೆ. ಚಹವನ್ನು ಪೂರ್ತಿ ಕುಡಿದು ಹೋದ.

ಬೀದರಿನಲ್ಲಿ ಮನೆ ಸಿಕ್ಕಿತು, ಕೊಳಾರದ ಕಾರ್ಖಾನೆಗಳ ಹಿಂದಿನ ಓಣಿಯಲ್ಲಿ. ಎಲ್ಲೆಲ್ಲಿಂದಲೋ ಬಂದ ಕೂಲಿಗಳೇ ಇರುವ ಜಾಗ, ಯಾರೂ ಯಾರನ್ನೂ ಕೇಳುತ್ತಿರಲಿಲ್ಲ. ದಿನಾ ಬಸ್ಸು ಹಿಡಿದು ಶಾಲೆಗೆ ಹೋಗುವ ಕಷ್ಟ ನನಗಿರಲಿ ಎಂದುಕೊಂಡೆ. ಅಪ್ಪನಿಗೆ ಮಾತ್ರ ಖಡಾಖಂಡಿತ ಹೇಳಿದೆ. "ಠಾಣೆ ಕಡಿ ಕಾಲಿಟ್ಟಿ ಅಂದ್ರ ನಾ ನಿನ್ನ ಮಗ ಅಲ್ಲ."

ಅಪ್ಪ ಹೂಂ ಎಂದ. ಆದರೆ ತನ್ನ ಬಟ್ಟೆಯ ಗಂಟು ಬಿಚ್ಚಲಿಲ್ಲ. ಅದನ್ನು ಬಾಗಿಲ ಬಳಿ ಇಟ್ಟುಕೊಂಡು ಅದಕ್ಕೇ ಒರಗಿ ಕುಳಿತ, ಕುಳಿತೇ ತೂಕಡಿಸಿದ. ಬೈಕಿನ ಸದ್ದಾದರೆ ಎದ್ದು ನಿಲ್ಲುತ್ತಿದ್ದ, ಪಕ್ಕದ ಮನೆಯ ಕುಕ್ಕರ್ ಸೀಟಿ ಹೊಡೆದರೂ ಎದ್ದು ನಿಲ್ಲುತ್ತಿದ್ದ. ತಾಟಿನಲ್ಲಿ ರೊಟ್ಟಿ ಹಾಗೇ ಉಳಿಯುತ್ತಿತ್ತು. ನೋಡನೋಡುತ್ತ ಮನುಷ್ಯ ಅರ್ಧವಾದ.

"ಹ್ಯಾಂಗ ಮಲಗಲೋ? ಬಂದು ಕೇಳಿದ್ರ ಏನನ್ನಲಿ?" ಎನ್ನುತ್ತಿದ್ದ.

ಕೊನೆಗೆ ಒಂದು ರವಿವಾರ ಮಧ್ಯಾಹ್ನ, ಅಪ್ಪನಿಗೂ ಊರಿಗೂ ಸೇರಿಸಿ ಬೈಯುತ್ತ, ನಾನೇ ಅವನನ್ನು ಬೈಕಿನ ಹಿಂದೆ ಕೂರಿಸಿಕೊಂಡು ಠಾಣೆಗೆ ಹೋದೆ. ಅಲ್ಲಿರುವವನು ಯಾವನಾದರೂ, ಈಗ ಇದೆಲ್ಲ ಇಲ್ಲ ಅಜ್ಜಾ, ಆರಾಮ ಮನೆಗೆ ಹೋಗು ಎಂದುಬಿಡಲಿ ಎಂಬ ಆಸೆ ನನ್ನದು. ನಾನು ನೂರು ಸಲ ಹೇಳಿದರೂ ನಂಬದವನು ಖಾಕಿಯವನು ಹೇಳಿದರೆ ನಂಬುತ್ತಿದ್ದ. ಅಷ್ಟೇ ಒಂದು ಮಾತು ಸಾಕಿತ್ತು.

ಅಪ್ಪ ಚಪ್ಪಲಿ ಹೊರಗೆ ಬಿಟ್ಟು, ರುಮಾಲು ತೆಗೆದು ಕೈಯಲ್ಲಿ ಹಿಡಿದ. "ನಾವು ಬಂದೇವ್ರಿ ಸಾಹೇಬ. ಕೊಳಾರದ ಹಿಂದಿನ ಓಣ್ಯಾಗ ಇರ್ತೇವ್ರಿ" ಎಂದು ಕುಲದ ಹೆಸರನ್ನೂ ಹೇಳಿದ.

ಮೊಬೈಲು ನೋಡುತ್ತಿದ್ದ ಪೇದೆ ಕುಲದ ಹೆಸರು ಕಿವಿಗೆ ಬಿದ್ದಿದ್ದೇ ಅದನ್ನು ಕೆಳಗಿಟ್ಟ. ಯಾಕೆ, ಏನು ಎನ್ನಲಿಲ್ಲ. ಒಂದು ಹಾಳೆ ಎಳೆದುಕೊಂಡು, "ಎಷ್ಟು ಮಂದಿ ಇದ್ದೀರಿ?" ಎಂದ.

ಅಪ್ಪನ ಮುಖ ಅರಳಿತು. ಬಾಗಿಲಲ್ಲಿ ಬೂಟುಗಾಲಲ್ಲಿ ನಿಂತಿದ್ದ ನನ್ನ ಕೈ ಹಿಡಿದು ಮುಂದೆ ಎಳೆದ.

"ಇಂವಾ ನನ್ನ ಮಗ ರಿ. ಸಾಲಿ ಮಾಸ್ತರ ಇದ್ದಾನ. ಇವನ್ನೂ ಬರಕೋರಿ."

ಪೇದೆ ನನ್ನನ್ನು ಮೇಲಿಂದ ಕೆಳಗೆ ನೋಡಿ ಬರೆದುಕೊಂಡ.

ಆ ದಿನ ಅಪ್ಪ ಗಂಟು ಬಿಚ್ಚಿದ, ಎರಡು ರೊಟ್ಟಿ ಹೆಚ್ಚಿಗೆ ತಿಂದು ಗೊರಕೆ ಹೊಡೆದ. ಈಗ ಓಣಿಯಲ್ಲಿ ಪೊಲೀಸ್ ಗಾಡಿ ಬಂದರೆ ಎದ್ದು ನಿಲ್ಲುವವನು ನಾನು.